ಪೆಟ್ಟಿಗೆಗೆ ಪೂರ್ತಿ ಅಂಕ, ರಬ್ಬರ್ ಕಪ್‌ಗೆ ಸೊನ್ನೆ: ಒಬ್ಬಳೇ ಟಿವಿ ಸಾಗಿಸಲು ಕೊಂಡ ಕಿಟ್

ಕಿಟ್ ಬಂದ ಡಬ್ಬಿಯ ಮೇಲೆ ಒಂದು ಚಿತ್ರವಿದೆ. ಸಪೂರ ಹುಡುಗಿಯೊಬ್ಬಳು 75 ಇಂಚಿನ ಟಿವಿಯನ್ನು ಹೆಗಲ ಬೆಲ್ಟಿಗೆ ನೇತುಹಾಕಿಕೊಂಡು, ಒಂದು ಕೈಯಲ್ಲಿ ಅದನ್ನು ಸವರುತ್ತಾ, ನಗುನಗುತ್ತಾ ಮೆಟ್ಟಿಲು ಇಳಿಯುತ್ತಿದ್ದಾಳೆ. ‘ಯಾರ ಸಹಾಯವೂ ಬೇಕಿಲ್ಲ’ ಅಂತ ಕೆಳಗೆ ದಪ್ಪಕ್ಷರ. ಆ ಚಿತ್ರ ನಂಬಿ ನಾನು ಇದನ್ನು ಕೊಳ್ಳಲಿಲ್ಲ. ತಮ್ಮನನ್ನು ನಂಬಿ ಮೂರು ಭಾನುವಾರ ಕಳೆದ ಮೇಲೆ ಕೊಂಡೆ.

ನನ್ನದು ರಾತ್ರಿ ಪಾಳಿಯ ಕೆಲಸ. ನಾನು ಎದ್ದು ಓಡಾಡುವ ಹೊತ್ತಿಗೆ ಅಕ್ಕಪಕ್ಕದವರೆಲ್ಲ ಹೊರಟುಹೋಗಿರುತ್ತಾರೆ, ಅವರು ಮನೆಗೆ ಬರುವಾಗ ನಾನು ಹೊರಡುತ್ತೇನೆ. ಇರುವ ಕಟ್ಟಡದಲ್ಲೇ ಮೊದಲನೇ ಮಹಡಿಯಿಂದ ಮೂರನೇ ಮಹಡಿಗೆ ಮನೆ ಬದಲಿಸಿದೆ. ಮೇಜು, ಸೋಫಾ ಎಲ್ಲ ಹಳೆ ಮನೆಯವರದ್ದೇ, ಅಲ್ಲೇ ಬಿಡಬೇಕು. ಬಟ್ಟೆ, ಪಾತ್ರೆ, ಪುಸ್ತಕಗಳನ್ನು ಬಕೆಟ್ಟಿನಲ್ಲಿ, ಚೀಲದಲ್ಲಿ ತುಂಬಿ ನಾಲ್ಕು ದಿನದಲ್ಲಿ ಮೇಲಕ್ಕೆ ಹೊತ್ತು ಮುಗಿಸಿದೆ. ಗೋಡೆಯ ಮೇಲೆ ಟಿವಿ ಒಂದು ಉಳಿಯಿತು. ಫೋನ್ ಮಾಡಿದಾಗಲೆಲ್ಲ ತಮ್ಮನದು ಒಂದೇ ಮಾತು: “ಅಕ್ಕಾ, ಈ ಭಾನುವಾರ ಖಂಡಿತ ಬರ್ತೀನಿ. ಅಲ್ಲೀತನಕ ನೀನೊಬ್ಳೇ ಅದನ್ನ ಮುಟ್ಟಬೇಡ.”

ಮುಟ್ಟಬೇಡ ಅನ್ನುವುದಕ್ಕೆ ಅವನಿಗೆ ಕಾರಣವಿತ್ತು. ಇದರ ಹಿಂದಿನ 43 ಇಂಚಿನ ಟಿವಿಯನ್ನು ಕೊಂದವಳು ನಾನೇ. ಒಂದು ಕೋಣೆಯಿಂದ ಇನ್ನೊಂದು ಕೋಣೆಗೆ, ಹೆಚ್ಚೆಂದರೆ ಹತ್ತು ಹೆಜ್ಜೆ. ಎರಡೂ ಪಕ್ಕದಲ್ಲಿ ಹಿಡಿದು ಎತ್ತಿದೆ, ಬಾಗಿಲಲ್ಲಿ ಸ್ವಲ್ಪ ಜಾರಿದಂತಾಯಿತು, ಬಲಗೈ ಹೆಬ್ಬೆರಳನ್ನು ಪರದೆಯ ಅಂಚಿನ ಮೇಲೆ ಒತ್ತಿ ಬಿಗಿಹಿಡಿದೆ. ಬೀಳಲಿಲ್ಲ, ಎಲ್ಲೂ ತಾಗಲಿಲ್ಲ, ಮೇಲೆ ಒಂದು ಗೀರೂ ಇಲ್ಲ. ಹಚ್ಚಿ ನೋಡಿದರೆ ಬಲಗಡೆಯ ಕಾಲು ಭಾಗದಲ್ಲಿ ಬಣ್ಣಬಣ್ಣದ ಉದ್ದ ಗೆರೆಗಳು, ಹೆಬ್ಬೆರಳಿದ್ದ ಜಾಗದಿಂದ ಶಾಯಿ ಚೆಲ್ಲಿದ ಹಾಗೆ ಕಪ್ಪು. ಬೆರಳಾಡಿಸಿದರೆ ಪರದೆ ನುಣ್ಣಗೆ ಇದೆ! ರಿಪೇರಿಯವರು ಆಮೇಲೆ ಹೇಳಿದ್ದು: ಕೈಗೆ ತಾಗುವುದು ಮೇಲಿನ ಪ್ಲಾಸ್ಟಿಕ್ ಪದರ. ಅದರ ಹಿಂದೆ ತಲಾ ಅರ್ಧ ಮಿಲಿಮೀಟರ್ ಆಸುಪಾಸಿನ ಎರಡು ಗಾಜಿನ ಹಾಳೆ, ನಡುವೆ ಲಿಕ್ವಿಡ್ ಕ್ರಿಸ್ಟಲ್. ಒಡೆಯುವುದು ಆ ಗಾಜು. ಮೇಲಿನ ಪದರ ಚೂರುಗಳನ್ನು ಹಿಡಿದಿಟ್ಟುಕೊಳ್ಳುವುದರಿಂದ ಬೆರಳಿಗೆ ಏನೂ ಗೊತ್ತಾಗುವುದಿಲ್ಲ. ಒಡೆದ ಪರದೆಗೆ ವಾರಂಟಿಯೂ ಇಲ್ಲ, ಆ ಗಾಜಿನ ಪ್ಯಾನೆಲ್ ಬದಲಿಸುವುದೂ ಒಂದೇ, ಹೊಸ ಟಿವಿ ಕೊಳ್ಳುವುದೂ ಒಂದೇ. ಕೆಟ್ಟ ಮೇಲೆ ಬುದ್ಧಿ ಬಂತು, ಅಟ್ಟ ಮೇಲೆ ಒಲೆ ಉರಿಯಿತು.

ಹಾಗಾಗಿ ಈ ವಿಮರ್ಶೆಯನ್ನು ಒಂದು ಟಿವಿ ಒಡೆದುಕೊಂಡವಳ, ಇನ್ನೊಂದನ್ನು ಒಡೆಯದೆ ದಾಟಿಸಿದವಳ ಮಾತು ಅಂತ ಓದಿಕೊಳ್ಳಿ. ಈಗಿನದು 55 ಇಂಚಿನ ಎಲ್‌ಇಡಿ ಟಿವಿ, ಸ್ಟ್ಯಾಂಡ್ ಬಿಟ್ಟು 16 ಕಿಲೋ ಅಂತ ಹಿಂಬದಿಯ ಚೀಟಿಯಲ್ಲಿ ಬರೆದಿದೆ. 55 ಅನ್ನುವುದು ಮೂಲೆಯಿಂದ ಮೂಲೆಗೆ ಅಳತೆ. ನಮಗೆ ಬೇಕಾದ್ದು ಅಗಲ, ಎತ್ತರ: ನನ್ನದು ಚೌಕಟ್ಟು ಸೇರಿ 123 ಸೆಂಟಿಮೀಟರ್ ಅಗಲ, 71 ಎತ್ತರ. ಈ ಎರಡು ಸಂಖ್ಯೆಗಳನ್ನು ಅಂಗೈ ಮೇಲೆ ಪೆನ್ನಲ್ಲಿ ಬರೆದುಕೊಂಡು ಎರಡು ದಿನ ಓಡಾಡಿದ್ದೇನೆ.

ಕಿಟ್‌ನಲ್ಲಿ ಏನೇನಿದೆ ಅಂದರೆ, ದಪ್ಪ ರಟ್ಟಿನ ದೊಡ್ಡ ಪೆಟ್ಟಿಗೆ, ನಾಲ್ಕು ಮೂಲೆಗೆ ನಾಲ್ಕು ಫೋಮ್, ಪರದೆಗೆ ಹೊದಿಸುವ ತೆಳು ಬಿಳಿ ಫೋಮ್ ಹಾಳೆ, ಒಂದು ಸುರುಳಿ ಬಬಲ್ ರ‍್ಯಾಪ್, ಪೆಟ್ಟಿಗೆ ಕಟ್ಟುವ ಎರಡು ಬೆಲ್ಟ್, ಒಂದು ಹೆಗಲ ಬೆಲ್ಟ್, ಕೆಳಗಿನಿಂದ ಕೊಕ್ಕೆ ಹಾಕಿ ಎತ್ತುವ ಒಂದು ಹಿಡಿ, ಒತ್ತಿದರೆ ಅಂಟಿ ಹಿಡಿಯುವ ಎರಡು ರಬ್ಬರ್ ಸಕ್ಷನ್ ಕಪ್, ಪೆಟ್ಟಿಗೆಯ ಅಡಿಗೆ ಇಡುವ ನಾಲ್ಕು ಜಾರುಬಿಲ್ಲೆ. ಜೊತೆಗೆ ಒಂದು ಹಾಳೆಯ ಸೂಚನೆ. ಸೂಚನೆಯ ಮೊದಲ ಸಾಲು: ‘ಟಿವಿಯನ್ನು ಗೋಡೆಯಿಂದ ಇಳಿಸಿಕೊಳ್ಳಿ.’ ಅಷ್ಟೇ. ಸಮುದ್ರ ದಾಟಿ ಬನ್ನಿ, ಆಮೇಲೆ ಈಜು ಕಲಿಸುತ್ತೇವೆ ಅಂದ ಹಾಗೆ.

ಟಿವಿ ಮುಟ್ಟುವ ಮುಂಚೆ ನಾನು ಒಂದು ತಾಲೀಮು ಮಾಡಿದೆ. ಎರಡು ಲೀಟರಿನ ಎಂಟು ಬಾಟಲಿಗೆ ನೀರು ತುಂಬಿ ಪೆಟ್ಟಿಗೆಯ ತಳದಲ್ಲಿ ಸಾಲಾಗಿ ನಿಲ್ಲಿಸಿದೆ. ಸರಿಯಾಗಿ 16 ಕಿಲೋ. ಹೆಗಲ ಬೆಲ್ಟ್ ಹಾಕಿಕೊಂಡು ಎತ್ತಿದೆ. ಭಾರ ಹೆಗಲಿಗೆ ತಿಳಿಯಲೇ ಇಲ್ಲ, ಅದು ನಿಜ. ಆದರೆ ನನ್ನ ಎತ್ತರ 157 ಸೆಂಟಿಮೀಟರ್. ಬೆಲ್ಟನ್ನು ಎಷ್ಟು ಗಿಡ್ಡ ಮಾಡಿದರೂ ಪೆಟ್ಟಿಗೆಯ ತಳ ಮೊಣಕಾಲಿನ ಕೆಳಗೇ ತೂಗುತ್ತದೆ, ಹೆಜ್ಜೆಹೆಜ್ಜೆಗೂ ಕಾಲಿಗೆ ಬಡಿಯುತ್ತದೆ. ಕಾಲು ಎಲ್ಲಿಟ್ಟೆ ಅಂತ ನೋಡೋಣ ಅಂದರೆ ಎದುರಿಗೆ ರಟ್ಟಿನ ಗೋಡೆ. ನಡುಮನೆಯಲ್ಲೇ ಒಮ್ಮೆ ಎಡವಿದೆ. ಆಗ ಹೊಳೆದ ವಿಷಯ ಮೈ ನಡುಗಿಸಿತು: ಕೈಯಲ್ಲಿ ಹಿಡಿದ ವಸ್ತುವನ್ನು ಜೀವಕ್ಕೆ ಬಂದಾಗ ಬಿಟ್ಟುಬಿಡಬಹುದು, ಹೆಗಲಿಗೆ ಬಿಗಿದುಕೊಂಡಿದ್ದನ್ನು ಬಿಡಲಾಗುವುದಿಲ್ಲ. ಮೆಟ್ಟಿಲ ಮೇಲೆ ಅದು ಮುಂದಕ್ಕೆ ವಾಲಿದರೆ ನನ್ನನ್ನೂ ಎಳೆದುಕೊಂಡೇ ಹೋಗುತ್ತದೆ. ಚಿತ್ರದಲ್ಲಿ ನಗುವ ಹುಡುಗಿಯ ಪೆಟ್ಟಿಗೆ ಖಾಲಿ ಇತ್ತು ಅಂತ ನನ್ನ ಬಲವಾದ ಅನುಮಾನ. ಬೆಲ್ಟ್ ಬಿಚ್ಚಿ ಮಡಚಿಟ್ಟೆ.

ತಾಲೀಮಿನಲ್ಲಿ ನನ್ನ ಕಡೆಯಿಂದಲೂ ಒಂದು ಎಡವಟ್ಟಾಯಿತು. ಒಂದು ಬಾಟಲಿಯ ಮುಚ್ಚಳ ಸರಿಯಾಗಿ ಹಾಕಿರಲಿಲ್ಲ. ಎಡವಿದಾಗ ಅದು ಉರುಳಿ ರಟ್ಟಿನ ಒಂದು ಮೂಲೆ ಒದ್ದೆಯಾಗಿ ಮೆತ್ತಗಾಯಿತು. ಒಂದು ದಿನ ಫ್ಯಾನಿನ ಕೆಳಗೆ ಒಣಗಿಸಿ, ಒಳಗೂ ಹೊರಗೂ ಅಗಲ ಟೇಪ್ ಹಚ್ಚಿ ಗಟ್ಟಿ ಮಾಡಿದೆ. ತಪ್ಪು ಕಂಪನಿಯದ್ದಲ್ಲ. ತಾಲೀಮು ಮಾಡುವವರು ನೀರಿನ ಬದಲು ಪುಸ್ತಕ ತುಂಬಿ.

ಇನ್ನು ಆ ರಬ್ಬರ್ ಕಪ್‌ಗಳು. ಸೂಚನೆಯ ಚಿತ್ರದಲ್ಲಿ ಅವನ್ನು ನೇರವಾಗಿ ಪರದೆಗೇ ಅಂಟಿಸಿ ಎತ್ತುವುದನ್ನು ತೋರಿಸಿದ್ದಾರೆ. ಬರೆದವರು ಟಿವಿಯನ್ನು ಒಳಗಡೆಯಿಂದ ಒಮ್ಮೆಯೂ ನೋಡಿಲ್ಲ. ಕಿಟಕಿಯ ಗಾಜನ್ನು ಹೀಗೆ ಎತ್ತುತ್ತಾರೆ, ಸರಿ; ಆ ಗಾಜು ಒಂದೇ ದಪ್ಪ ಹಲಗೆ. ಟಿವಿಯ ಪ್ಯಾನೆಲ್ಲನ್ನು ಚೌಕಟ್ಟು ಸುತ್ತಲಿನ ಅಂಚಲ್ಲಿ ಮಾತ್ರ ಹಿಡಿದಿರುತ್ತದೆ, ನಡುವೆ ಅದಕ್ಕೆ ಆಧಾರವೇ ಇಲ್ಲ. ನಡುವಿನಲ್ಲಿ ಕಪ್ ಅಂಟಿಸಿ ಎಳೆದರೆ ಇಡೀ ಸೆಟ್ಟಿನ ಭಾರ ಆ ಅರ್ಧ ಮಿಲಿಮೀಟರ್ ಗಾಜಿನ ಮೇಲೆ ಬೀಳುತ್ತದೆ. ಹಿಂಬದಿಗೆ ಅಂಟಿಸೋಣ ಅಂದರೆ ಅಲ್ಲಿನ ಪ್ಲಾಸ್ಟಿಕ್ ತರಿತರಿ, ಕಪ್ ಕೂರುವುದೇ ಇಲ್ಲ. ಕುತೂಹಲಕ್ಕೆ ಒಂದನ್ನು ಬಚ್ಚಲಮನೆಯ ಟೈಲ್ಸಿಗೆ ಅಂಟಿಸಿ ನೀರು ತುಂಬಿದ ಮಗ್ ನೇತುಹಾಕಿದೆ. ಮುಕ್ಕಾಲು ಗಂಟೆಗೆ ಧಡಾರನೆ ಬಿತ್ತು. ಎತ್ತಿ ಎಸೆಯಲು ಮನಸ್ಸು ಬರದೆ ಇಟ್ಟುಕೊಂಡಿದ್ದೇನೆ, ಬೇಕಾದವರಿಗೆ ಕೊಡುತ್ತೇನೆ.

ಕೊಕ್ಕೆಯ ಹಿಡಿಯೂ ಅಂಥದ್ದೇ ಎರವಲು ಬುದ್ಧಿ. ಪ್ಲೈವುಡ್ ಹಲಗೆ ಸಾಗಿಸುವವರು ಅಂಥದ್ದನ್ನು ಬಳಸುತ್ತಾರೆ: ತಳದ ನಡುವಿಗೆ ಕೊಕ್ಕೆ, ಮೇಲೆ ಕೈಹಿಡಿ, ಹಲಗೆ ಪಕ್ಕೆಗೆ ಒರಗಿ ಬರುತ್ತದೆ. ಟಿವಿಯ ತಳದ ನಡುವೆ ಸಾಮಾನ್ಯವಾಗಿ ರಿಮೋಟಿನ ಬೆಳಕು ಹಿಡಿಯುವ ಪುಟ್ಟ ಕಣ್ಣಿರುತ್ತದೆ. ಪ್ಯಾನೆಲ್ಲಿನ ಅಂಚಿಗೆ ಪ್ಲಾಸ್ಟಿಕ್ ರಿಬ್ಬನ್ನಿನಂಥ ಸಂಪರ್ಕದ ಪಟ್ಟಿಗಳನ್ನು ಕೂರಿಸಿರುತ್ತಾರೆ, ಎಷ್ಟೋ ಟಿವಿಗಳಲ್ಲಿ ಅದು ತಳದ ಅಂಚೇ ಆಗಿರುತ್ತದೆ. ಆ ಪಟ್ಟಿಗಳು ನಲುಗಿದರೆ ಗೆರೆ ಗ್ಯಾರಂಟಿ. ಅದೂ ಮೂಲೆಗೆ ಹೋಯಿತು.

ಹೀಗೆ ಎತ್ತುವ ಸಾಮಾನೆಲ್ಲ ಒಂದೊಂದಾಗಿ ಪಕ್ಕಕ್ಕೆ ಸರಿದ ಮೇಲೆ ನೆಲಕ್ಕೆ ಕುಳಿತು ಯೋಚಿಸಿದೆ. ಒಬ್ಬರೇ ಇದ್ದಾಗ ಟಿವಿಯನ್ನು ಎತ್ತಬೇಕು ಅನ್ನುವುದೇ ತಪ್ಪು ಲೆಕ್ಕ. ಇಳಿಸಬಹುದು, ಒರಗಿಸಬಹುದು, ಜಾರಿಸಬಹುದು. ಎತ್ತಲೇಬೇಕಾದ ಕಡೆ ಎರಡು ಬೆರಳಷ್ಟು ಎತ್ತಿದರೆ ಸಾಕಾಗುವ ಹಾಗೆ ಏರ್ಪಾಡು ಮಾಡಿಕೊಳ್ಳಬೇಕು. ಈ ದೃಷ್ಟಿಯಿಂದ ನೋಡಿದಾಗ ಕಿಟ್‌ನ ಉಳಿದರ್ಧ ನಿಜಕ್ಕೂ ಒಳ್ಳೆಯ ಸಾಮಾನು.

ಗೋಡೆಯಿಂದ ಇಳಿಸಿದ್ದನ್ನು ವಿವರವಾಗಿ ಹೇಳುತ್ತೇನೆ, ಸೂಚನೆ ಹಾಳೆ ಹೇಳಲಿಲ್ಲವಲ್ಲ. ಮೊದಲು ಪ್ಲಗ್ ತೆಗೆದು ಅರ್ಧ ಗಂಟೆ ಬಿಟ್ಟೆ, ಆಡುತ್ತಿದ್ದ ಟಿವಿಯ ಮೈ ಬಿಸಿ ಇರುತ್ತದೆ. ಹಿಂಬದಿಯ ವೈರುಗಳ ಫೋಟೋ ತೆಗೆದುಕೊಂಡು ಒಂದೊಂದಕ್ಕೂ ಹೆಸರು ಬರೆದು ಟೇಪ್ ಅಂಟಿಸಿದೆ. ಆಮೇಲೆ ಮೇಜನ್ನು ಟಿವಿಯ ಕೆಳಗೆ ಗೋಡೆಗೆ ತಾಗಿಸಿ ಇಟ್ಟೆ. ಮೇಜಿಗೂ ಟಿವಿಯ ತಳಕ್ಕೂ ನಡುವೆ ಒಂದೂವರೆ ಗೇಣು ಜಾಗ. ಅದನ್ನು ತುಂಬಬೇಕಿತ್ತು. ಹಳೆ ಪುಸ್ತಕಗಳ ಸಾಲು, ಅದರ ಮೇಲೆ ಮಡಚಿದ ರಜಾಯಿ, ಅದರ ಮೇಲೆ ಇನ್ನೊಂದು, ಹೀಗೆ ತುಂಬುತ್ತಾ ಟಿವಿಯ ತಳಕ್ಕೆ ಬೆರಳು ತೂರುವಷ್ಟು ಮಾತ್ರ ಸಂದು ಉಳಿಸಿದೆ. ನನ್ನ ಬ್ರ್ಯಾಕೆಟ್ಟಿನಲ್ಲಿ ಟಿವಿಯ ಹಿಂದಿರುವ ಎರಡು ಕಂಬಿಗಳು ಗೋಡೆಯ ಪಟ್ಟಿಗೆ ಮೇಲಿನಿಂದ ಕೊಕ್ಕೆ ಹಾಕಿ ಕೂರುತ್ತವೆ, ಕೆಳಗೆ ಒಂದೊಂದು ಬೀಗದ ಸ್ಕ್ರೂ. ಆ ಸ್ಕ್ರೂಗಳನ್ನು ಸಡಿಲಿಸಿ, ತಳವನ್ನು ಗೋಡೆಯಿಂದ ಸ್ವಲ್ಪ ಹೊರಕ್ಕೆ ಎಳೆದು, ಒಂದು ಪಕ್ಕವನ್ನು ಎರಡು ಬೆರಳು ಮೇಲೆತ್ತಿದೆ. ಕೊಕ್ಕೆ ಕಳಚಿ ಆ ಪಕ್ಕ ರಜಾಯಿಯ ಮೇಲೆ ಕೂತಿತು. ಇನ್ನೊಂದು ಪಕ್ಕವೂ ಹಾಗೆಯೇ. 16 ಕಿಲೋ ಪೂರ್ತಿ ನನ್ನ ಕೈಗೆ ಬರಲೇ ಇಲ್ಲ. ಒಂದು ತುದಿ ಎತ್ತುವಾಗ ಸುಮಾರು ಅರ್ಧ ಭಾರ ಇನ್ನೊಂದು ತುದಿಯ ಮೇಲಿರುತ್ತದೆ. ಆದರೂ ಎರಡನೇ ಕೊಕ್ಕೆ ಕಳಚುವಾಗ ‘ಟಕ್’ ಅಂದ ಸದ್ದಿಗೆ ಜೀವ ಬಾಯಿಗೆ ಬಂದಿತ್ತು.

ಮೇಜಿನಿಂದ ನೆಲಕ್ಕೆ ಮೂರು ಹಂತ ಮಾಡಿದೆ. ಮೇಜು, ಪಕ್ಕದಲ್ಲಿ ಸೋಫಾ, ಅದರ ಪಕ್ಕ ನೆಲದ ಮೇಲೆ ಮಡಚಿದ ಹಾಸಿಗೆ. ಪ್ರತಿ ಹಂತದಲ್ಲೂ ಟಿವಿಯ ಹಿಂಬದಿ ನನ್ನ ಎದೆಗೆ, ಪರದೆ ಆಚೆಗೆ. ಪರದೆ ಮೈಗೆ ತಾಗಿದರೆ ಅಂಗಿಯ ಒಂದು ಗುಂಡಿ ಸಾಕು. ವಾಚು, ಉಂಗುರ ಮೊದಲೇ ತೆಗೆದಿಟ್ಟಿದ್ದೆ. ಅಂಗೈ ತಳದಂಚಿನ ಅಡಿಗೆ ಚಪ್ಪಟೆಯಾಗಿ, ಹೆಬ್ಬೆರಳುಗಳು ಚೌಕಟ್ಟಿನಿಂದ ಆಚೆಗೆ ಚಾಚಿ, ಮುಂಭಾಗ ಮುಟ್ಟದ ಹಾಗೆ. ಈ ಹೆಬ್ಬೆರಳುಗಳಿಗೆ ಬುದ್ಧಿ ಹೇಳುವುದೇ ದೊಡ್ಡ ಕೆಲಸ. ಗಾಬರಿಯಾದ ಕೂಡಲೇ ಅವು ತಾವಾಗಿ ಒತ್ತಲು ಓಡುತ್ತವೆ. ಕೊನೆಗೆ ಎರಡೂ ಹೆಬ್ಬೆರಳನ್ನು ತೋರುಬೆರಳಿಗೆ ಸೇರಿಸಿ ಟೇಪ್ ಸುತ್ತಿಕೊಂಡೆ. ನೋಡಿದವರು ನಗುತ್ತಿದ್ದರು, ನೋಡುವವರು ಯಾರೂ ಇರಲಿಲ್ಲವಲ್ಲ.

ಈಗ ಪೆಟ್ಟಿಗೆಯ ಗುಣಗಾನ. ಇದು ಸಾಮಾನ್ಯ ಪೆಟ್ಟಿಗೆಯಲ್ಲ. ಕೆಳಗೆ ಒಂದೂವರೆ ಗೇಣು ಎತ್ತರದ ತೊಟ್ಟಿ, ಮೇಲಿನಿಂದ ಪೂರ್ತಿ ಇಳಿಯುವ ಮುಚ್ಚಳ. ಎರಡೂ ಎರಡೆರಡು ತುಂಡು, ಒಂದರೊಳಗೊಂದು ಸರಿಸಿ ಟಿವಿಯ ಅಗಲಕ್ಕೆ ಹೊಂದಿಸಿಕೊಳ್ಳಬಹುದು. ತೊಟ್ಟಿಯ ಎರಡು ಮೂಲೆಗೆ ಫೋಮ್ ಕೂರಿಸಿ ಟಿವಿ ಇಳಿಸಿದರೆ ಅದು ತಾನಾಗಿ ನೆಟ್ಟಗೆ ನಿಲ್ಲುತ್ತದೆ. ಒಬ್ಬರೇ ಇರುವವರಿಗೆ ಇದು ಎಷ್ಟು ದೊಡ್ಡ ಉಪಕಾರ ಅಂದರೆ ಹೇಳಲಾರೆ. ಎರಡೂ ಕೈ ಖಾಲಿ! ನಾನು ತೊಟ್ಟಿಯನ್ನು ಸೋಫಾದ ಪಕ್ಕಕ್ಕೇ ಇಟ್ಟು, ವಾಲಿದರೆ ಮೆತ್ತಗಿರಲಿ ಅಂತ ನಡುವೆ ರಜಾಯಿ ತುರುಕಿ, ಹಿಂದಿನ ಕಂಬಿಗಳನ್ನು ನಿಧಾನವಾಗಿ ಬಿಚ್ಚಿದೆ. ಕಂಬಿ ಬಿಚ್ಚದೆ ಪ್ಯಾಕ್ ಮಾಡಿದರೆ ಅದು ರಟ್ಟಿಗೆ ಒತ್ತಿಕೊಂಡು ಟಿವಿಯನ್ನು ಮುಂದಕ್ಕೆ ತಳ್ಳುತ್ತದೆ. ಬಿಚ್ಚಿದ ಸ್ಕ್ರೂಗಳನ್ನು ಕಳೆಯಬಾರದು ಅಂತ ಅದೇ ತೂತಿಗೆ ಮತ್ತೆ ತಿರುಗಿಸಿಡುವ ಅಭ್ಯಾಸ ಕೆಲವರಿಗಿದೆ, ನನಗೂ ಇತ್ತು. ಬೇಡ. ಕಂಬಿಯ ದಪ್ಪ ಇಲ್ಲದಾಗ ಅದೇ ಸ್ಕ್ರೂ ಅಷ್ಟು ಆಳಕ್ಕೆ ಹೆಚ್ಚು ಇಳಿಯುತ್ತದೆ, ಒಳಗೆ ಏನಕ್ಕೆ ಚುಚ್ಚುತ್ತದೋ. ಜಿಪ್ ಇರುವ ಪುಟ್ಟ ಚೀಲಕ್ಕೆ ಹಾಕಿ, ರಿಮೋಟಿನ ಜೊತೆ ಕೈಚೀಲದಲ್ಲಿಟ್ಟುಕೊಂಡೆ.

ಫೋಮ್ ಮೂಲೆಗಳ ಬಗ್ಗೆ ಒಂದು ತಕರಾರು. ನಾಲ್ಕಕ್ಕೂ ಒಂದೇ ಅಗಲದ ಸೀಳು ಕೊಟ್ಟಿದ್ದಾರೆ. ಈಗಿನ ಟಿವಿಗಳು ಹಾಗಿರುವುದಿಲ್ಲ. ಕೆಳಗೆ ಸ್ಪೀಕರು, ಬೋರ್ಡುಗಳಿರುವಲ್ಲಿ ದಪ್ಪ, ಮೇಲೆ ಬರಬರುತ್ತಾ ತೆಳ್ಳಗೆ. ನನ್ನದಕ್ಕೆ ಕೆಳಗಿನ ಮೂಲೆಗಳು ಬಿಗಿಯಾಗಿ ಕೂತವು, ಮೇಲಿನವು ಲೊಡಲೊಡ ಅಂದವು. ಹಿಂಬದಿಯಲ್ಲಿ ಎರಡು ಜೊತೆ ಕಾಲುಚೀಲ ಮಡಚಿ ತುರುಕಿದೆ. ಇನ್ನೊಂದು, ಫೋಮಿನ ಮುಂದಿನ ತುಟಿ ಚೌಕಟ್ಟು ದಾಟಿ ಪರದೆಯ ಮೇಲೆ ಮೂರು ಬೆರಳಷ್ಟು ಚಾಚುತ್ತದೆ. ನನ್ನ ಟಿವಿಯ ಚೌಕಟ್ಟೋ ಒಂದು ಬೆರಳೂ ಇಲ್ಲ. ಚಾಕುವಿನಲ್ಲಿ ಹೆಚ್ಚಾದ ಫೋಮ್ ಕೆತ್ತಿ ತೆಗೆದೆ. ತಯಾರಿಸಿದವರೇ ಎರಡು ಅಳತೆ ಮಾಡಿ ಕೊಟ್ಟಿದ್ದರೆ ಏನು ಗಂಟು ಹೋಗುತ್ತಿತ್ತು?

ತೆಳು ಫೋಮ್ ಹಾಳೆ ಚೆನ್ನಾಗಿದೆ, ಪರದೆಯ ಮೇಲೆ ಮೊದಲು ಅದೇ ಇರಬೇಕು. ಬಬಲ್ ರ‍್ಯಾಪನ್ನು ನೇರ ಪರದೆಗೆ ಸುತ್ತಿ ಮೇಲೆ ಬಿಗಿದರೆ ಗುಳ್ಳೆಗಳ ಅಚ್ಚು ಮೂಡುವ ಭಯವಿದೆ, ಟೇಪನ್ನಂತೂ ಪರದೆಯ ಹತ್ತಿರಕ್ಕೇ ತರಬಾರದು. ಹಾಳೆ ಹೊದಿಸಿ, ಗುಳ್ಳೆ ಹೊರಗೆ ಬರುವಂತೆ ರ‍್ಯಾಪ್ ಒಂದು ಸುತ್ತು, ಟೇಪ್ ಹಿಂಬದಿಯಲ್ಲಿ, ಅಷ್ಟೇ. ಮುಚ್ಚಳ ಇಳಿಸಿ ಎರಡು ಬೆಲ್ಟ್ ಕಟ್ಟಿದೆ. ಈ ಬೆಲ್ಟುಗಳ ಬಕಲ್ ಕೈಯಲ್ಲಿ ಎಳೆದಷ್ಟೇ ಹಿಡಿಯುವ ಜಾತಿಯದು. ಲಾರಿಗಳಿಗೆ ಕಟ್ಟುವ, ಕಟಕಟ ಅಂತ ತಿರುಗಿಸಿ ಬಿಗಿಯುವ ಜಾತಿಯದ್ದನ್ನು ಕೊಟ್ಟಿದ್ದರೆ ಹುಮ್ಮಸ್ಸಿಗೆ ನಾನು ಟಿವಿಯನ್ನೇ ಮಡಚಿಬಿಡುತ್ತಿದ್ದೆನೇನೋ. ಬೆಲ್ಟಿನಡಿ ಎರಡು ಬೆರಳು ತೂರಬೇಕು, ರಟ್ಟಿನ ಅಂಚು ಒಳಕ್ಕೆ ಬಾಗಬಾರದು.

ಪ್ಯಾಕ್ ಆದ ಮೇಲೆ ಪೆಟ್ಟಿಗೆ 135 ಸೆಂಟಿಮೀಟರ್ ಉದ್ದ, 83 ಎತ್ತರ, 20 ದಪ್ಪ. ಒಂದು ತುದಿಯನ್ನು ಎರಡು ಬೆರಳೆತ್ತಿ ಕಾಲಿನಿಂದ ಜಾರುಬಿಲ್ಲೆ ತಳ್ಳಿದೆ, ಇನ್ನೊಂದು ತುದಿಗೂ ಹಾಗೆಯೇ. ಬಿಲ್ಲೆಯ ಒಂದು ಮುಖ ಉಣ್ಣೆಯಂಥ ಬಟ್ಟೆ, ಇನ್ನೊಂದು ಮುಖ ನುಣುಪು ಪ್ಲಾಸ್ಟಿಕ್. ಟೈಲ್ಸಿಗೆ ಬಟ್ಟೆಯ ಮುಖ, ಕಾರ್ಪೆಟ್ಟಿಗೆ ಪ್ಲಾಸ್ಟಿಕ್ ಮುಖ. ಟೈಲ್ಸಿನ ಮೇಲೆ ಒಂದೇ ಕೈಯಲ್ಲಿ ತಳ್ಳಿದೆ, ಎಣ್ಣೆ ಹಚ್ಚಿದ ಹಾಗೆ ಹೋಯಿತು. ಮಂಚ ಸರಿಸಲು ಇವನ್ನು ಈಗಲೂ ಬಳಸುತ್ತಿದ್ದೇನೆ, ಇವಷ್ಟನ್ನೇ ಮಾರಿದರೂ ಕೊಳ್ಳುತ್ತೇನೆ. ತಳ್ಳುವಾಗ ಕೈ ಕೆಳಗಿರಲಿ. ಮೇಲ್ಗಡೆ ತಳ್ಳಿದರೆ 20 ಸೆಂಟಿಮೀಟರ್ ದಪ್ಪದ ವಸ್ತು ಮುಗ್ಗರಿಸುತ್ತದೆ. ಒಂದು ಕೈ ಕೆಳಗೆ ತಳ್ಳಲು, ಒಂದು ಕೈ ಮೇಲೆ ಬೆನ್ನು ಸವರುವ ಹಾಗೆ.

ಹೊಸ್ತಿಲಲ್ಲಿ ಸವಾರಿ ನಿಂತಿತು. ಎರಡು ಬೆರಳೆತ್ತರದ ಹೊಸ್ತಿಲು, ಬಿಲ್ಲೆ ಹತ್ತುವುದಿಲ್ಲ. ರಟ್ಟಿನ ತುಂಡುಗಳನ್ನು ಒಂದರ ಮೇಲೊಂದು ಇಳಿಜಾರಾಗಿ ಎರಡೂ ಕಡೆ ಜೋಡಿಸಿ ಟೇಪ್ ಹಚ್ಚಿದೆ. ಅದಕ್ಕೇ ಇಪ್ಪತ್ತು ನಿಮಿಷ. ಪೆಟ್ಟಿಗೆಯನ್ನು ಮೂಲೆಯ ಮೇಲೆ ತಿರುಗಿಸಿ ತಿರುಗಿಸಿ ‘ನಡೆಸುವ’ ಉಪಾಯ ಬೀರುವಿಗೆ ಸರಿ, ಟಿವಿಗೆ ಅಲ್ಲ. ಪ್ರತಿ ಹೆಜ್ಜೆಯ ಕುಟ್ಟೂ ನೇರ ಗಾಜಿನ ಮೂಲೆಗೆ ಹೋಗುತ್ತದೆ. ಮಲಗಿಸಿ ಎಳೆಯುವ ಆಸೆಯೂ ಬಂತು. ಅದೂ ಬೇಡ, ನೆಟ್ಟಗಿದ್ದಾಗ ಗಾಜಿನ ಭಾರ ಅಂಚಿನ ಮೇಲೆ ನಿಂತಿರುತ್ತದೆ, ಮಲಗಿಸಿದಾಗ ನಡು ಜೋತುಬೀಳುತ್ತದೆ, ಆ ಸ್ಥಿತಿಯಲ್ಲಿ ಒಂದು ಕುಲುಕು ಸಾಕು.

ಲಿಫ್ಟನ್ನು ಮೊದಲೇ ಅಳೆದಿದ್ದೆ: ಒಳಗೆ 140 ಸೆಂಟಿಮೀಟರ್ ಆಳ. ಐದು ಸೆಂಟಿಮೀಟರ್ ಉಳಿಯಿತು ಅಂತ ನಿಶ್ಚಿಂತೆಯಾಗಿದ್ದೆ. ಪೆಟ್ಟಿಗೆ ಒಳಗೆ ತಳ್ಳಿದರೆ ಹಿಂದಿನ ಬದಿ ‘ಟಣ್’ ಅಂತ ಎಲ್ಲಿಗೋ ತಾಗಿ ನಿಂತಿತು. ಬಗ್ಗಿ ನೋಡಿದರೆ ಲಿಫ್ಟಿನ ಹಿಂಗೋಡೆಗೆ ಸೊಂಟದ ಎತ್ತರದಲ್ಲಿ ಕೈಯಲ್ಲಿ ಹಿಡಿದುಕೊಳ್ಳುವ ಸ್ಟೀಲಿನ ಕಂಬಿ! ಅದು ಏಳು ಸೆಂಟಿಮೀಟರ್ ಮುಂದೆ ಚಾಚಿದೆ. ದಿನಾ ಅದಕ್ಕೇ ಒರಗಿ ಮೊಬೈಲ್ ನೋಡುತ್ತೇನೆ, ಅಳೆಯುವಾಗ ಮಾತ್ರ ಕಣ್ಣಿಗೆ ಬೀಳಲಿಲ್ಲ. ತಾಗಿದ್ದು ಮೆಲ್ಲಗೆ, ಫೋಮ್ ಮೂಲೆಗೆ. ಆ ಫೋಮಿಗೆ ನಾನು ಬೈದದ್ದನ್ನೆಲ್ಲ ಮನಸ್ಸಿನಲ್ಲೇ ವಾಪಸ್ ತೆಗೆದುಕೊಂಡೆ. ಪೆಟ್ಟಿಗೆಯ ಮುಂತುದಿಯನ್ನು ಒಂದು ಮೂಲೆಗೆ ತಿರುಗಿಸಿ ಓರೆಯಾಗಿ ನಿಲ್ಲಿಸಿದಾಗ ಬಾಲ ಒಳಗೆ ಬಂತು, ಬಾಗಿಲು ಮುಚ್ಚಲು ಎರಡು ಬೆರಳು ಉಳಿಯಿತು. ಇಷ್ಟು ಹೊತ್ತೂ ಬಾಗಿಲು ಮುಚ್ಚದಂತೆ ತಡೆದದ್ದು ಒಂದು ಬಕೆಟ್. ಮೊದಲು ಚಪ್ಪಲಿ ಇಟ್ಟು ನೋಡಿದ್ದೆ, ಬಾಗಿಲ ಸೆನ್ಸರಿಗೆ ಅದು ಕಾಣಿಸುವುದಿಲ್ಲ, ಬಕೆಟ್ ಕಾಣಿಸುತ್ತದೆ.

ಲಿಫ್ಟ್ ಇಲ್ಲದಿದ್ದರೆ? ಈ ಕಿಟ್ ನಂಬಿ ಒಬ್ಬಳೇ ಮೆಟ್ಟಿಲಿಗೆ ಕಾಲಿಡುತ್ತಿರಲಿಲ್ಲ. ನೆಲ ಸಪಾಟಿರುವ ತನಕ ಮಾತ್ರ ಇದು ಜೊತೆಗಾರ.

ಮೂರನೇ ಮಹಡಿಯಲ್ಲಿ ಬಾಗಿಲಿನಿಂದ ಒಳಗೆ ತಳ್ಳಿದ್ದು ಐದು ನಿಮಿಷದ ಕೆಲಸ. ಮುಚ್ಚಳ ತೆಗೆದು, ತೊಟ್ಟಿಯಲ್ಲಿ ನಿಂತ ಹಾಗೆಯೇ ವೈರು ಸಿಕ್ಕಿಸಿ ಹಚ್ಚಿದೆ. ಖಾಲಿ ಬಿಳಿ ಚಿತ್ರ ಹಾಕಿ ಮೂಲೆಮೂಲೆಯನ್ನೂ ನೋಡಿದೆ, ಆಮೇಲೆ ಕಪ್ಪು ಚಿತ್ರ ಹಾಕಿ ದೀಪ ಆರಿಸಿ ನೋಡಿದೆ. ಗೆರೆಯಿಲ್ಲ, ಕಲೆಯಿಲ್ಲ. ಗೋಡೆಯಿಂದ ಇಲ್ಲಿಗೆ ಒಟ್ಟು ಮೂರು ಗಂಟೆ ನಲವತ್ತು ನಿಮಿಷ. ಎರಡು ಜನ ಇದ್ದಿದ್ದರೆ ಅರ್ಧ ಗಂಟೆ ಸಾಕಿತ್ತು, ಒಪ್ಪುತ್ತೇನೆ.

ಆದರೆ ಸ್ಟ್ಯಾಂಡಿನ ಕಾಲುಗಳನ್ನು ಹುಡುಕಿ ತೆಗೆದಾಗ ಇನ್ನೊಂದು ಆಟ ಶುರುವಾಯಿತು. ಈ ಟಿವಿಯ ಕಾಲುಗಳು ಎರಡು ತುದಿಗೆ, ನಡುವೆ ಒಂದು ಮೀಟರ್ ಅಂತರ. ಹೊಸ ಮನೆಯ ಮೇಜು 90 ಸೆಂಟಿಮೀಟರ್. ಎಲ್ಲವನ್ನೂ ಅಳೆದಿದ್ದ ನಾನು ಇದನ್ನು ಅಳೆದಿರಲಿಲ್ಲ. ಹಾಗಾಗಿ ಟಿವಿ ಈಗಲೂ ಅದೇ ರಟ್ಟಿನ ತೊಟ್ಟಿಯಲ್ಲಿ, ಗೋಡೆಗೆ ಸಮೀಪ, ಹಿಂದೆ ರಜಾಯಿ ಒರಗಿಸಿಕೊಂಡು ನಿಂತಿದೆ. ಹನ್ನೊಂದನೇ ದಿನ. ಒದ್ದೆಯಾಗಿ ಒಣಗಿದ ಆ ಮೂಲೆ ಕೂಡ ಗಟ್ಟಿಯಾಗಿಯೇ ಇದೆ. ಪೆಟ್ಟಿಗೆಗೆ ಪೂರ್ತಿ ಅಂಕ ಕೊಟ್ಟದ್ದು ಸುಮ್ಮನೆ ಅಲ್ಲ.

ಕೊಳ್ಳಬೇಕೋ ಬೇಡವೋ ಅಂತ ಕೇಳಿದರೆ: 43, 50, 55 ಇಂಚಿನವರು ಕಣ್ಣುಮುಚ್ಚಿ ಕೊಳ್ಳಿ, ಹೆಗಲ ಬೆಲ್ಟ್, ಕೊಕ್ಕೆ, ಕಪ್ ಮೂರನ್ನೂ ಇಲ್ಲವೆಂದೇ ತಿಳಿದುಕೊಳ್ಳಿ. ಬೇರೆ ಕಂಪನಿಯಲ್ಲಿ ಪೆಟ್ಟಿಗೆ, ಮೂಲೆ, ಬಿಲ್ಲೆ ಅಷ್ಟನ್ನೇ ಕೊಡುವವರಿದ್ದರೆ ಇನ್ನೂ ಒಳ್ಳೆಯದು. 65 ಇಂಚಿಗೆ ನಿಮ್ಮ ತೋಳು ನೋಡಿಕೊಂಡು ನಿರ್ಧರಿಸಿ. 75 ಇಂಚಿನವರು ಡಬ್ಬಿಯ ಮೇಲಿನ ಹುಡುಗಿಯ ಮಾತು ಕೇಳಬೇಡಿ. ಆ ಪರದೆ 166 ಸೆಂಟಿಮೀಟರ್ ಅಗಲ, ತೂಕ ಸಾಮಾನ್ಯವಾಗಿ 30 ಕಿಲೋ ದಾಟುತ್ತದೆ. ಮನುಷ್ಯರು ಎರಡೂ ತೋಳು ಚಾಚಿದರೆ ಹೆಚ್ಚುಕಡಿಮೆ ತಮ್ಮ ಎತ್ತರದಷ್ಟೇ ಉದ್ದ. ನನ್ನಂಥವಳಿಗೆ ಅದರ ಎರಡು ಅಂಚನ್ನು ಒಟ್ಟಿಗೆ ಮುಟ್ಟಲೂ ಆಗದು, ಹಿಡಿಯುವ ಮಾತು ಹಾಗಿರಲಿ. ಒಎಲ್‌ಇಡಿ ಟಿವಿಗೂ ನಾನು ಒಬ್ಬಳೇ ಕೈಹಾಕುವುದಿಲ್ಲ. ಎಷ್ಟೋ ಸೆಟ್ಟುಗಳ ಮೇಲರ್ಧ ಕೆಲವೇ ಮಿಲಿಮೀಟರ್ ದಪ್ಪ, ಹಿಡಿಯಲು ಕೆಳಗಿನ ದಪ್ಪ ಭಾಗ ಬಿಟ್ಟರೆ ಬೇರೆ ಜಾಗವಿಲ್ಲ, ಈ ಒಂದೇ ಅಳತೆಯ ಫೋಮ್ ಮೂಲೆಗಳು ಅದಕ್ಕೆ ಏನೇನೂ ಸಾಲವು.

ಇನ್ನು ಗೋಡೆಗೆ ತಗುಲಿಸುವುದು. ಇಳಿಸುವಾಗ ರಜಾಯಿ ಸಾಕಾಯಿತು, ಏರಿಸುವಾಗ ಹಿಂದಿನ ಎರಡು ಕೊಕ್ಕೆ ಗೋಡೆಯ ಪಟ್ಟಿಗೆ ಕೂತವೋ ಇಲ್ಲವೋ ಅಂತ ಪಕ್ಕದಿಂದ ಇಣುಕಿ ಹೇಳುವವರೊಬ್ಬರು ಬೇಕು. ನಿನ್ನೆ ತಮ್ಮ ಫೋನ್ ಮಾಡಿದ್ದ. ಟಿವಿ ಮೇಲಕ್ಕೆ ಬಂತು ಅಂದಾಗ ಮೊದಲು ಬೈದ, ಆಮೇಲೆ ಫೋಟೋ ಕಳಿಸು ಅಂದ. ಈ ಭಾನುವಾರ ಖಂಡಿತ ಬರುತ್ತಾನಂತೆ.